ವೆಲ್ಲಿಂಗ್ಟನ್ ನಿಜಕ್ಕೂ ಯಾವ ಮನೆತನದವನು?

ಊರಿಂದ ಯಾರೇ ಡಬ್ಲಿನ್‌ಗೆ ಬರಲಿ, ಫೀನಿಕ್ಸ್ ಪಾರ್ಕ್‌ನ ವೆಲ್ಲಿಂಗ್ಟನ್ ಸ್ಮಾರಕಕ್ಕೆ ಕರೆದುಕೊಂಡು ಹೋಗುತ್ತೇನೆ. ವಾಟರ್‌ಲೂ ಯುದ್ಧದಲ್ಲಿ ನೆಪೋಲಿಯನ್‌ನನ್ನು ಸೋಲಿಸಿದ ಡ್ಯೂಕ್ ಆಫ್ ವೆಲ್ಲಿಂಗ್ಟನ್‌ನ ಗೌರವಕ್ಕೆ ನಿಲ್ಲಿಸಿದ 62 ಮೀಟರ್ ಎತ್ತರದ ಕಲ್ಲಿನ ಕಂಬ. ಬುಡದಲ್ಲಿ ಕಂಚಿನ ಫಲಕಗಳಿವೆ, ವಾಟರ್‌ಲೂನಲ್ಲಿ ಕಿತ್ತುಕೊಂಡ ಫಿರಂಗಿಗಳನ್ನು ಕರಗಿಸಿ ಎರಕ ಹೊಯ್ದದ್ದು. ಒಂದು ಫಲಕ ಭಾರತದ ಯುದ್ಧಗಳದ್ದು. ಹೌದು, 1799ರಲ್ಲಿ ಟಿಪ್ಪು ಬಿದ್ದ ಮೇಲೆ ಶ್ರೀರಂಗಪಟ್ಟಣದ ಉಸ್ತುವಾರಿ ವಹಿಸಿಕೊಂಡ ಕರ್ನಲ್ ಆರ್ಥರ್ ವೆಲ್ಲೆಸ್ಲಿಯೇ ಇವನು.

ಹಳೇ ಐರಿಶ್ ಕುಲೀನ ಮನೆತನ ಅಂತ ಎಲ್ಲರೂ ಹೇಳುತ್ತಾರೆ. 12ನೇ ಶತಮಾನದಲ್ಲಿ ಎರಡನೇ ಹೆನ್ರಿ ರಾಜನ ಧ್ವಜ ಹಿಡಿದು ಬಂದವನ ವಂಶ ಅಂತ ಮನೆಯವರ ಮಾತು. ಕೆದಕಿದರೆ ಕಥೆ ಬೇರೆ.

ಮೀಥ್ ಕೌಂಟಿಯ ಡಾಂಗನ್‌ನಲ್ಲಿ ಗ್ಯಾರೆಟ್ ವೆಸ್ಲಿ ಅಂತ ಒಬ್ಬ ಜಮೀನ್ದಾರ ಇದ್ದ. ಮಕ್ಕಳಿರಲಿಲ್ಲ. 1728ರಲ್ಲಿ ಅವನು ಸತ್ತಾಗ ಆಸ್ತಿಯೆಲ್ಲ ಅವನ ಸೋದರಮಾವನ ಮಗ ರಿಚರ್ಡ್ ಕಾಲಿ ಅನ್ನೋನಿಗೆ ಹೋಯಿತು, ಆದರೆ ವೆಸ್ಲಿ ಅಂತ ಹೆಸರು ಬದಲಿಸಿಕೊಳ್ಳಬೇಕು ಅನ್ನೋ ಷರತ್ತಿನ ಮೇಲೆ. ಈ ರಿಚರ್ಡ್‌ನೇ ಆರ್ಥರ್‌ನ ತಾತ! ಹೆಣ್ಣು ಕಡೆಯಿಂದ ತುಂಬ ಹಿಂದಿನ ಒಂದು ನಂಟು ಇದೆ, ಗಂಡು ಕಡೆಯಿಂದ ನೋಡಿದರೆ ಇವರು ಇಂಗ್ಲೆಂಡಿನಿಂದ ಬಂದ ಕಾಲಿ ಮನೆತನದವರು. ನಮ್ಮ ಮೈಸೂರು ಅರಮನೆಯ ದತ್ತು ಸಂಪ್ರದಾಯ ಗೊತ್ತಿರುವವರಿಗೆ ಇದರಲ್ಲಿ ವಿಚಿತ್ರ ಏನೂ ಕಾಣಲ್ಲ, ಅಲ್ವಾ?

ಕುಲೀನ ಪದವಿಯೂ ಹಳೇದಲ್ಲ. ರಿಚರ್ಡ್ 1746ರಲ್ಲಿ ಬ್ಯಾರನ್ ಆದ. ಮಗ ಗ್ಯಾರೆಟ್ 1760ರಲ್ಲಿ ಅರ್ಲ್ ಆದ. ಇವನು ಟ್ರಿನಿಟಿ ಕಾಲೇಜಿನಲ್ಲಿ ಸಂಗೀತದ ಪ್ರೊಫೆಸರ್ ಕೂಡ. ಇವನ ಮಗ ಆರ್ಥರ್ ಹುಟ್ಟಿದ್ದು 1769ರಲ್ಲಿ. ದಿನ ಯಾವುದು? ಅವನು ಜೀವನಪೂರ್ತಿ ಆಚರಿಸಿದ್ದು ಮೇ 1. ಡಬ್ಲಿನ್‌ನ ಸೇಂಟ್ ಪೀಟರ್ಸ್ ಚರ್ಚಿನ ಪುಸ್ತಕದಲ್ಲಿ ಜ್ಞಾನಸ್ನಾನ ಆದದ್ದು ಏಪ್ರಿಲ್ 30. ಹುಟ್ಟೋಕೆ ಮುಂಚೆಯೇ ಮಗುವಿಗೆ ಹೆಸರಿಟ್ಟರಾ? ಹುಟ್ಟಿದ ಜಾಗದ ಬಗ್ಗೆಯೂ ಜಗಳ ಇದೆ, ಮೆರಿಯನ್ ಬೀದಿಯ ಮನೆ ಅಂತ ಹೆಚ್ಚಿನವರು, ಡಾಂಗನ್ ಅಂತ ಕೆಲವರು.

ನನಗೆ ಜಾಸ್ತಿ ಹಿಡಿಸಿದ್ದು ಇದು: 1798ರವರೆಗೂ ಆರ್ಥರ್ ಸಹಿ ಹಾಕುತ್ತಿದ್ದದ್ದು ವೆಸ್ಲಿ ಅಂತಲೇ. ಅಣ್ಣ ಆಗಲೇ ಹಳೇ ಕಾಲದ ಗತ್ತಿನ ವೆಲ್ಲೆಸ್ಲಿಗೆ ಬದಲಾಗಿದ್ದ, ಅವನು ಗವರ್ನರ್ ಜನರಲ್ ಆಗಿ ಭಾರತಕ್ಕೆ ಬಂದ ವರ್ಷವೇ ತಮ್ಮನೂ ಬದಲಿಸಿದ. ಅಂದರೆ ಶಾಲೆಯಲ್ಲಿ ನಾವು ಉರು ಹೊಡೆದ ಆ ಹೆಸರಿಗೆ ಶ್ರೀರಂಗಪಟ್ಟಣ ಬಿದ್ದಾಗ ಹೆಚ್ಚುಕಡಿಮೆ ಒಂದೇ ವರ್ಷ.

ಇಂಥ ಮನೆಯವನು 1800ರಲ್ಲಿ, ಟಿಪ್ಪು ಬಿದ್ದ ಮೇಲೆ ಸ್ವಂತ ದಂಡು ಕಟ್ಟಿ ಬ್ರಿಟಿಷರ ವಿರುದ್ಧ ನಿಂತಿದ್ದ ಧೋಂಡಿಯಾ ವಾಘ್‌ನನ್ನು ಬೆನ್ನಟ್ಟಿ ಹೋದ. ಆ ಕಾಳಗದಲ್ಲಿ ಧೋಂಡಿಯಾ ಸತ್ತ, ಸಾಮಾನು ಸರಂಜಾಮಿನ ನಡುವೆ ಅವನ ಪುಟ್ಟ ಮಗ ಸಲಾಬತ್ ಖಾನ್ ಸಿಕ್ಕಿದ. ವೆಲ್ಲೆಸ್ಲಿ ಅವನನ್ನು ತನ್ನ ಡೇರೆಗೆ ತರಿಸಿ ಸಾಕಿದ, ಭಾರತ ಬಿಡುವಾಗ ಅವನ ಖರ್ಚಿಗೆ ಹಣ ಇಟ್ಟು ಹೋದ. ಇಂಗ್ಲಿಷಿನಲ್ಲಿ ಅವನ ಜೀವನಚರಿತ್ರೆ ಬರೆದವರಿಗೆ ಇದು ದೊಡ್ಡ ಗುಣ. ಅಪ್ಪನ ಮೇಲೆ ದಂಡೆತ್ತಿ ಹೋದವನೇ ಮಗನನ್ನು ಸಾಕಿದ್ದನ್ನು ಹೊಗಳೋಕೆ ನನಗೆ ಅಷ್ಟು ಸುಲಭವಾಗಿ ಬಾಯಿ ಬರಲ್ಲ. ಹುಡುಗ ಮುಂದೆ ಮೈಸೂರು ಮಹಾರಾಜರ ಸೇವೆಗೆ ಸೇರಿದ, 1822ರಲ್ಲಿ ಕಾಲರಾದಿಂದ ತೀರಿಕೊಂಡ. ವೆಲ್ಲೆಸ್ಲಿ ಅಂತ ಹೆಸರು ಬದಲಿಸಿಕೋ ಅನ್ನೋ ಷರತ್ತು ಮಾತ್ರ ಅವನಿಗೆ ಯಾರೂ ಹಾಕಲಿಲ್ಲ.