ಕುಲುಮೆ ರೀಲು: ಸ್ಕ್ಯಾನ್ ಆಯ್ತು, ಕಿಡಿಗಳು ಮಾಯ

ಕಳೆದ ಸಲ ಹೇಳಿದ್ದ ಹಳೇ ಸಿನಿಮಾ ಫಿಲಂ, 16 ಎಂಎಂ ಅಗಲದ ರೀಲು, ಸ್ಕ್ಯಾನ್ ಆಗಿ ಬಂತು. ಕಪ್ಪು-ಬಿಳುಪು, 400 ಅಡಿ, ಶಬ್ದ ಇಲ್ಲ. ಕಮ್ಮಾರನೊಬ್ಬ ಕುಲುಮೆ ಮುಂದೆ ಕೆಲಸ ಮಾಡುವುದು, ಅಷ್ಟೇ. ಆದ್ರೆ ಆ ಕೈಚಳಕ ನೋಡ್ತಾ ಕೂತರೆ ಏಳಲು ಮನಸ್ಸು ಬರಲ್ಲ.

ಡಬ್ಬಿ ತೆರೆದಾಗ ವಿನೆಗರ್ ವಾಸನೆ ಮೂಗಿಗೆ ಬಡಿದಿತ್ತು. ಬೇಗ ಬೆಂಕಿ ಹತ್ತುವ ಹಳೇ ನೈಟ್ರೇಟ್ ಫಿಲಂನ ಭಯ ಇರಲಿಲ್ಲ, 1923ರಲ್ಲಿ ಕೊಡಾಕ್ 16 ಎಂಎಂ ತಂದದ್ದೇ ಸುಲಭವಾಗಿ ಹೊತ್ತಿಕೊಳ್ಳದ ಅಸಿಟೇಟ್ ಪ್ಲಾಸ್ಟಿಕ್ ಮೇಲೆ. ಆದ್ರೆ ಅಸಿಟೇಟಿಗೆ ಅದರದ್ದೇ ಕಾಯಿಲೆ. ಬಿಸಿ, ತೇವ ಸಿಕ್ಕರೆ ಒಡೆದು ಅಸಿಟಿಕ್ ಆಮ್ಲ (ವಿನೆಗರ್ ವಾಸನೆ ಇದರದ್ದೇ) ಬಿಡುತ್ತದೆ, ಆ ಆಮ್ಲವೇ ಒಡೆಯುವುದನ್ನು ಇನ್ನಷ್ಟು ಜೋರು ಮಾಡುತ್ತದೆ, ಸಾಲದ್ದಕ್ಕೆ ಪಕ್ಕದ ರೀಲುಗಳನ್ನೂ ಕೆಡಿಸುತ್ತದೆ. ಎ-ಡಿ ಸ್ಟ್ರಿಪ್ ಅಂತ, ಆಮ್ಲ ಹೆಚ್ಚಿದಷ್ಟೂ ಬಣ್ಣ ಬದಲಿಸುವ ನೀಲಿ ಕಾಗದದ ಪಟ್ಟಿ ಸಿಗುತ್ತದಲ್ಲ, ಅದನ್ನು ಒಳಗಿಟ್ಟೆ. ಹಸಿರು ದಾಟಿ ಹಳದಿಗೆ ತಿರುಗಿತು. ಅಂದ್ರೆ ಕಾಯಿಲೆ ಮುಂದುವರಿದಿದೆ. ಇದಕ್ಕೆ ಮದ್ದಿಲ್ಲ, ತಂಪಾಗಿಟ್ಟು ನಿಧಾನ ಮಾಡಬಹುದು ಅಷ್ಟೇ.

ಎಷ್ಟು ಕುಗ್ಗಿದೆ ಅಂತ ಅಳೆದೆ. ಹೊಸ ಫಿಲಂ ಆದರೆ 100 ಫ್ರೇಮಿಗೆ 762 ಮಿ.ಮೀ. ಇದು 754. ಶೇಕಡಾ 1ಕ್ಕಿಂತ ಒಂಚೂರು ಜಾಸ್ತಿ. ಪ್ರೊಜೆಕ್ಟರಿಗೆ ಹಾಕಿದರೆ ಅದರ ಚಕ್ರದ ಹಲ್ಲು ಫಿಲಂ ಅಂಚಿನ ತೂತಿಗೆ ಕೂರುವುದಿಲ್ಲ, ಅಂಚು ಹರಿಯುತ್ತದೆ. ಅದಕ್ಕೇ ಹಲ್ಲಿನ ಚಕ್ರವೇ ಇಲ್ಲದ, ರೋಲರ್ ಮೇಲೆ ಫಿಲಂ ಓಡಿಸಿ ತೂತು ಎಲ್ಲಿದೆ ಅಂತ ಕ್ಯಾಮೆರಾದಲ್ಲೇ ಗುರುತು ಹಿಡಿಯುವ ಸ್ಕ್ಯಾನರ್ ಇರುವ ಕಡೆ ಕೊಟ್ಟೆ. ಅದಕ್ಕೂ ಮುಂಚೆ ಹರಿದ ತೂತುಗಳಿಗೆ ಟೇಪ್ ಹಾಕಿದ್ದೆ. ಹಳೇ ಟೇಪಿನ ಅಂಟು ಒಸರಿ ಮುಂದಿನ ಸುತ್ತಿಗೂ ಮೆತ್ತಿಕೊಂಡಿತ್ತು, ಅದನ್ನು ಐಸೊಪ್ರೊಪೈಲ್ ಆಲ್ಕೋಹಾಲಿನಲ್ಲಿ ಒರೆಸಿ ತೆಗೆದೆ. ನೀರು ಮಾತ್ರ ತಾಗಿಸಬಾರದು, ಚಿತ್ರ ಇರುವುದು ಜೆಲಾಟಿನ್ ಪದರದಲ್ಲಿ, ಅದು ಉಬ್ಬುತ್ತದೆ.

ಈಗ ಅಸಲು ತಲೆನೋವು. ಸಾಫ್ಟ್‌ವೇರ್‌ಗೆ ಧೂಳು ತೆಗೆ ಅಂದೆ. ತೆಗೆಯಿತು. ಜೊತೆಗೆ ಕಮ್ಮಾರನ ಸುತ್ತಿಗೆಯಿಂದ ಹಾರುವ ಕಿಡಿಗಳನ್ನೂ ತೆಗೆಯಿತು! ಪೆಟ್ಟು ಬೀಳುತ್ತದೆ, ಕಬ್ಬಿಣ ಬಗ್ಗುತ್ತದೆ, ಒಂದು ಕಿಡಿ ಇಲ್ಲ. ಅದರ ಲೆಕ್ಕ ಸರಳ: ಒಂದೇ ಫ್ರೇಮಿನಲ್ಲಿದ್ದು ಹಿಂದೆ-ಮುಂದೆ ಇಲ್ಲದ್ದೆಲ್ಲ ಧೂಳು. ಕಿಡಿಯೂ ಹಾಗೇ ಅಲ್ವಾ. ಮೇಲಾಗಿ ಇದು ಪ್ರಿಂಟ್, ಅಂದ್ರೆ ನೆಗೆಟಿವ್‌ನಿಂದ ಕಪ್ಪು-ಬಿಳಿ ಅದಲುಬದಲಾಗಿ ಅಚ್ಚಾದ ಪ್ರತಿ. ಪ್ರಿಂಟಿನ ಮೇಲೆ ಕೂತ ಧೂಳು ಕಪ್ಪಾಗಿ ಕಾಣುತ್ತದೆ, ಆದ್ರೆ ಮೂಲ ನೆಗೆಟಿವ್ ಮೇಲಿದ್ದ ಧೂಳು ಬಿಳಿ ಚುಕ್ಕೆಯಾಗಿ ಇಲ್ಲಿ ಅಚ್ಚಾಗಿದೆ. ಕಿಡಿಯೂ ಬಿಳಿ ಚುಕ್ಕೆಯೇ.

ಧೂಳು ಗುರುತಿಸಲು ಕಣ್ಣಿಗೆ ಕಾಣದ ಇನ್‌ಫ್ರಾರೆಡ್ ಬೆಳಕು ಬಳಸಬಾರದಾ ಅಂತ ಕೇಳಬಹುದು. ಬಣ್ಣದ ಫಿಲಂ ಆದರೆ ಚಿತ್ರ ಮೂಡಿಸುವ ಡೈಗಳು ಆ ಬೆಳಕನ್ನು ದಾಟಲು ಬಿಡುತ್ತವೆ, ಧೂಳು ತಡೆಯುತ್ತದೆ, ಹಾಗಾಗಿ ಬೇರೆಯಾಗಿ ಕಾಣುತ್ತದೆ. ಕಪ್ಪು-ಬಿಳುಪಿನಲ್ಲಿ ಚಿತ್ರವೇ ಬೆಳ್ಳಿ, ಬೆಳ್ಳಿಯೂ ತಡೆಯುತ್ತದೆ. ಸುಮ್ನೆ ದುಡ್ಡು ದಂಡ.

ಹಾಗಾಗಿ ಕಪ್ಪು ಚುಕ್ಕೆಗಳನ್ನು ಮಾತ್ರ ಸಾಫ್ಟ್‌ವೇರ್‌ಗೆ ಬಿಟ್ಟು, ಸುತ್ತಿಗೆ ಬೀಳುವ ಕಡೆ ಬಿಳಿ ಚುಕ್ಕೆಗಳನ್ನು ಕೈಯಲ್ಲೇ ನೋಡುತ್ತಿದ್ದೇನೆ. ಹತ್ತಿರದಿಂದ ನೋಡಿದರೆ ವ್ಯತ್ಯಾಸ ಗೊತ್ತಾಗುತ್ತದೆ. ಧೂಳಿನ ಅಂಚು ಚೂಪು. ಕಿಡಿ ಅಡಿಗಲ್ಲಿನಿಂದ ಆಚೆಗೆ ಸ್ವಲ್ಪ ಎಳೆದ ಹಾಗಿರುತ್ತದೆ, ಒಂದು ತುದಿ ಮಸುಕು. ಅನುಮಾನ ಬಂದರೆ ಬಿಟ್ಟುಬಿಡುತ್ತೇನೆ. ಒಂದಿಷ್ಟು ಧೂಳು ಉಳಿದರೆ ಪರವಾಗಿಲ್ಲ, ಕಿಡಿ ಹೋಗಬಾರದು. ನುಣ್ಣಗೆ ತೊಳೆದಿಟ್ಟಂತಿರುವ "ರಿಸ್ಟೋರ್" ವಿಡಿಯೊಗಳನ್ನು ಕಂಡರೆ ನನಗಂತೂ ಆಗಲ್ಲ.

ಫೈಲು ದೊಡ್ಡದು. 400 ಅಡಿಗೆ 16,000 ಫ್ರೇಮ್, 2ಕೆ (ಸುಮಾರು 2,000 ಪಿಕ್ಸೆಲ್ ಅಗಲದ) ಡಿಪಿಎಕ್ಸ್, ಅಂದ್ರೆ ಫ್ರೇಮಿಗೊಂದರಂತೆ ಚಿತ್ರದ ಫೈಲು, ಒಂದೊಂದೂ ಸುಮಾರು 12 ಎಂಬಿ, ಒಟ್ಟು 200 ಜಿಬಿ ಹತ್ತಿರ. ಎಫ್‌ಎಫ್‌ವಿ1 ಅನ್ನೋ ವಿಡಿಯೊ ರೂಪಕ್ಕೆ ಬದಲಿಸಿದರೆ ಏನೂ ಕಳೆಯದೆ ಚಿಕ್ಕದಾಗುತ್ತದೆ. ಕೈ ಹಚ್ಚದ ಮೂಲ ಸ್ಕ್ಯಾನ್ ಬೇರೆಯೇ ಇದೆ, ಬೇರೆ ಬೇರೆ ಕಡೆ ಪ್ರತಿಗಳಿವೆ. ರೀಲನ್ನೂ ಬಿಸಾಕಿಲ್ಲ, ಗಾಳಿಯಾಡುವ ಪ್ಲಾಸ್ಟಿಕ್ ಡಬ್ಬಿಯಲ್ಲಿ ಉಳಿದವುಗಳಿಂದ ದೂರ ಮಲಗಿಸಿಟ್ಟಿದ್ದೇನೆ. ಮುಂದೆ ಇನ್ನೂ ಒಳ್ಳೆ ಸ್ಕ್ಯಾನರ್ ಬಂದರೆ ಬೇಕಾಗುತ್ತದೆ.

ಮುಂದಿನದು ಬಣ್ಣದ ರೀಲು. ಸಯಾನ್ (ನೀಲಿ-ಹಸಿರು) ಡೈ ಮಾಸಿ ಇಡೀ ಚಿತ್ರ ಕೆಂಪಗಾಗಿದೆ. ಧೂಳಿಗಾದರೂ ಅಲ್ಲಿ ಇನ್‌ಫ್ರಾರೆಡ್ ಕೆಲಸಕ್ಕೆ ಬರುತ್ತದೆ.