ಮೂಳೆ ಕೂಡಿದ ಮೇಲೆ ಉಳಿಯುವ ನೋವಿಗೆ ಯಾವ ಕೋಡ್?

ಮಂಗಳೂರಿನಲ್ಲಿ ಮೆಡಿಕಲ್ ಕೋಡಿಂಗ್ (ರೋಗಿಯ ದಾಖಲೆ ಓದಿ ರೋಗ, ಗಾಯಗಳಿಗೆ ಕೋಡ್ ಹಾಕುವ) ಕೆಲಸಕ್ಕೆ ಹೊಸದಾಗಿ ಬರುವವರಲ್ಲಿ ಫಿಸಿಯೋಥೆರಪಿ, ನರ್ಸಿಂಗ್, ಫಾರ್ಮಸಿ ಓದಿದವರ ಜೊತೆಗೆ ಇಲ್ಲಿನ ಆಸ್ಪತ್ರೆಗಳ ದಾಖಲೆ ವಿಭಾಗದಲ್ಲಿ ದುಡಿದವರೂ ಇರುತ್ತಾರೆ. ಸೊಂಟದ ಮೂಳೆ ಮುರಿದು ಬಹುಕಾಲದ ನಂತರ ವೈದ್ಯರಲ್ಲಿಗೆ ಬಂದ ರೋಗಿಯ ಚಾರ್ಟ್ ಎದುರಾದಾಗ ಅವರಿಂದ ಪದೇಪದೇ ಕೇಳಿಬರುವ ಪ್ರಶ್ನೆ ಇದು: “ವರ್ಷ ಆಯ್ತಲ್ಲ ಮೇಡಂ, ಕೊನೆಗೆ ಎಸ್ ಹಾಕುವುದಲ್ವಾ?” ಎಸ್ ಎಂದರೆ ಸೀಕ್ವೆಲಾ, ಅಂದರೆ ಗಾಯದ ತೀವ್ರ ಹಂತ ಮುಗಿದ ಮೇಲೂ ಉಳಿಯುವ ಪರಿಣಾಮ; ಅದನ್ನು ತಿಳಿಸಲು ಗಾಯದ ಕೋಡ್‌ನ ಕೊನೆಗೆ ಸೇರಿಸುವ ಅಕ್ಷರ ಇದು. ಈ ಪ್ರಶ್ನೆಗೆ ಸಮಾಧಾನವಾಗಿ ಉತ್ತರಿಸಬೇಕೆಂದು ಬಹಳ ದಿನಗಳಿಂದ ಅಂದುಕೊಂಡಿದ್ದೆ.

ಒಂದು ವರ್ಷದ ಲೆಕ್ಕ ಎಲ್ಲಿಂದಲೋ ಹುಟ್ಟಿದ್ದಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ರೋಗಗಳ ಕೋಡ್ ಪಟ್ಟಿಯಾದ ಐಸಿಡಿ-10ರಲ್ಲಿ ತೊಡೆಮೂಳೆ ಮುರಿತದ ದೀರ್ಘಕಾಲೀನ ಪರಿಣಾಮಕ್ಕೆ ಟಿ93.1 ಎಂಬ ಪ್ರತ್ಯೇಕ ಕೋಡ್ ಇದೆ. ಗಾಯವಾಗಿ ಒಂದು ವರ್ಷ ಅಥವಾ ಅದಕ್ಕಿಂತ ಹೆಚ್ಚು ಕಾಲದ ನಂತರವೂ ಉಳಿದಿರುವ ತೊಂದರೆಗಳು ಆ ಗುಂಪಿಗೆ ಸೇರುತ್ತವೆಂದು ಅಲ್ಲಿ ಸ್ಪಷ್ಟವಾಗಿ ಹೇಳಲಾಗಿದೆ. ಆದರೆ ನಾವು ಇಲ್ಲಿ ಕುಳಿತು ಕೋಡ್ ಮಾಡುವ ಅಮೆರಿಕದ ವಿಮಾ ಕ್ಲೇಮ್‌ಗಳಿಗೆ 2015ರ ಅಕ್ಟೋಬರ್ 1ರಿಂದ ಅನ್ವಯಿಸುತ್ತಿರುವುದು ಅದೇ ಪಟ್ಟಿಯ ಅಮೆರಿಕದ ರೂಪವಾದ ಐಸಿಡಿ-10-ಸಿಎಂ. ಅದರ ಮಾರ್ಗಸೂಚಿಯ ಪ್ರಕಾರ ಸೀಕ್ವೆಲಾ ಕೋಡ್ ಬಳಸುವುದಕ್ಕೆ ಕಾಲಮಿತಿಯೇ ಇಲ್ಲ. ಗಾಯದ ತೀವ್ರ ಹಂತ ಮುಗಿದಿರಬೇಕು, ಅದರಿಂದಾಗಿ ಏನೋ ಒಂದು ತೊಂದರೆ ಉಳಿದಿರಬೇಕು. ಅದು ಕೆಲವೇ ತಿಂಗಳಲ್ಲಿ ಕಾಣಿಸಬಹುದು, ಹತ್ತು ವರ್ಷಗಳ ನಂತರವೂ ಕಾಣಿಸಬಹುದು. ಹಾಗಾಗಿ ಕ್ಯಾಲೆಂಡರ್ ನೋಡಿ ಎಸ್ ಹಾಕುವ ರೂಢಿಯನ್ನು ಮೊದಲು ಬಿಡಬೇಕಾಗುತ್ತದೆ.

ಮುರಿತದ ಕೋಡ್‌ನ ಏಳನೆಯ ಅಕ್ಷರ ತಿಳಿಸುವುದು ಚಿಕಿತ್ಸೆ ಈಗ ಯಾವ ಹಂತದಲ್ಲಿದೆ ಎಂಬುದನ್ನು. ಚರ್ಮ ಹರಿಯದ ಮುರಿತಕ್ಕೆ ಸಕ್ರಿಯ ಚಿಕಿತ್ಸೆ ನಡೆಯುತ್ತಿರುವವರೆಗೆ ಎ. ರೋಗಿ ಎಷ್ಟನೆಯ ಬಾರಿ ಬಂದಿದ್ದಾರೆ, ವೈದ್ಯರು ಬದಲಾದರೇ ಎಂಬುದು ಇಲ್ಲಿ ಮುಖ್ಯವಲ್ಲ. ಅದು ಮುಗಿದು ಮೂಳೆ ಎಂದಿನಂತೆ ಕೂಡುತ್ತಿದ್ದರೆ ಡಿ, ಕೂಡುವುದು ತಡವಾದರೆ ಜಿ, ಕೂಡದೇ ಹೋದರೆ ಕೆ, ವಕ್ರವಾಗಿ ಕೂಡಿದರೆ ಪಿ. ಗೊಂದಲ ಹೆಚ್ಚಾಗುವುದು ಈ ಕೊನೆಯ ಎರಡರಲ್ಲಿ. ನಾನ್‌ಯೂನಿಯನ್ (ಮೂಳೆ ಕೂಡದಿರುವುದು), ಮಾಲ್‌ಯೂನಿಯನ್ (ವಕ್ರವಾಗಿ ಕೂಡುವುದು) ಎರಡೂ ಮುರಿತದ ನಂತರ ಉಳಿದ ತೊಂದರೆಗಳೇ ಆಗಿರುವುದರಿಂದ ಎಸ್ ಎಂದು ಬರೆಯಲು ಕೈ ಓಡುತ್ತದೆ. ಆದರೆ ಅವು ಮೂಳೆ ಕೂಡುವ ಕ್ರಿಯೆಯಲ್ಲೇ ಆದ ತೊಡಕುಗಳಾದ್ದರಿಂದ ಅವಕ್ಕೆ ಮೀಸಲಾದ ಅಕ್ಷರಗಳೇ ಬರಬೇಕು. ವೈದ್ಯರು ಮಾಲ್‌ಯೂನಿಯನ್ ಎಂದು ಬರೆದು ಅದಕ್ಕೇ ಚಿಕಿತ್ಸೆ ಕೊಡುತ್ತಿದ್ದರೆ ಪಿ. ಮೂಳೆ ಕೂಡಿದೆ, ಆದರೆ ಹಳೆಯ ಮುರಿತದಿಂದಾಗಿ ಕಾಲು ಗಿಡ್ಡವಾಗಿದೆ ಎಂದು ಬರೆದಿದ್ದರೆ ಎಸ್. ಎಕ್ಸ್‌ರೇ ವರದಿಯನ್ನು ಓದಿ ಈ ತೀರ್ಮಾನವನ್ನು ನಾವೇ ಮಾಡುವಂತಿಲ್ಲ.

ಯಾವ ಭಾಗ ಮುರಿಯಿತು ಎಂಬುದರ ಮೇಲೆ ಮುಂದೆ ಏನು ಉಳಿಯುತ್ತದೆ ಎಂಬುದೂ ಬದಲಾಗುತ್ತದೆ. ತೊಡೆಮೂಳೆಯ ಕತ್ತು ಮುರಿದಾಗ ಮೂಳೆಯ ತಲೆಗೆ ಹೋಗುವ ರಕ್ತನಾಳಗಳಿಗೆ ಪೆಟ್ಟಾಗುವ ಸಂಭವ ಹೆಚ್ಚು. ಸ್ಕ್ರೂ ಹಾಕಿ ಮೂಳೆ ಕೂಡಿದ ಮೇಲೂ ರಕ್ತ ಸಾಲದೆ ತಲೆಯ ಭಾಗ ನಿಧಾನವಾಗಿ ಸಾಯಬಹುದು. ಕತ್ತಿನ ಕೆಳಗಿನ ಇಂಟರ್‌ಟ್ರೋಕ್ಯಾಂಟರಿಕ್ ಭಾಗಕ್ಕೆ ರಕ್ತ ಸಂಚಾರ ಚೆನ್ನಾಗಿರುವುದರಿಂದ ಅಲ್ಲಿನ ಮುರಿತ ಸಾಮಾನ್ಯವಾಗಿ ಕೂಡಿಕೊಳ್ಳುತ್ತದೆ, ಆದರೆ ಕುಸಿದು ಕೂಡಿದರೆ ಕಾಲಿನ ಉದ್ದ ಕಡಿಮೆಯಾಗುತ್ತದೆ. ಈ ವ್ಯತ್ಯಾಸ ಗೊತ್ತಿರುವ ಕೋಡರ್ ಚಾರ್ಟ್‌ನಲ್ಲಿ ಏನನ್ನು ಹುಡುಕಬೇಕೆಂದು ತಿಳಿದೇ ಓದುತ್ತಾರೆ. ಅನಾಟಮಿಯನ್ನು ಪರೀಕ್ಷೆಗೆಂದು ಓದಿ ಬಿಟ್ಟುಬಿಡಬೇಡಿರೆಂದು ನಾನು ಹೊಸಬರಿಗೆ ಹೇಳುವುದು ಈ ಕಾರಣಕ್ಕೆ.

ಒಂದು ಉದಾಹರಣೆಯನ್ನು ಪೂರ್ತಿಯಾಗಿ ನೋಡೋಣ. ವೃದ್ಧೆಯೊಬ್ಬರಿಗೆ ಎಡ ತೊಡೆಮೂಳೆಯ ಕತ್ತು ಮುರಿದು, ಶಸ್ತ್ರಚಿಕಿತ್ಸೆಯ ನಂತರ ಕೂಡಿದೆ. ಈಗ ತೊಡೆಸಂದಿಯಲ್ಲಿ ನೋವು. ಹಿಂದಿನ ಮುರಿತದಿಂದಾಗಿ ಆಸ್ಟಿಯೋನೆಕ್ರೋಸಿಸ್ (ರಕ್ತ ಸಾಲದೆ ಮೂಳೆ ಸಾಯುವುದು) ಆಗಿದೆ ಎಂದು ವೈದ್ಯರು ಬರೆದಿದ್ದಾರೆ. ಮೊದಲ ಕೋಡ್ ಎಂ87.252, ಅಂದರೆ ಹಿಂದಿನ ಗಾಯದಿಂದಾದ ಎಡ ತೊಡೆಮೂಳೆಯ ಆಸ್ಟಿಯೋನೆಕ್ರೋಸಿಸ್. ಎರಡನೆಯದು ಎಸ್72.002ಎಸ್, ಅದಕ್ಕೆ ಕಾರಣವಾದ ಹಳೆಯ ಮುರಿತ. ನೋವು ಈ ರೋಗದ ಲಕ್ಷಣವೇ ಆಗಿರುವುದರಿಂದ ಅದಕ್ಕೆ ಬೇರೆ ಕೋಡ್ ಬೇಡ. ಕೊನೆಯ ಎಸ್ ಸೇರುವುದು ಗಾಯದ ಕೋಡ್‌ಗೆ ಮಾತ್ರ, ಈಗಿನ ತೊಂದರೆಯ ಕೋಡ್‌ಗೆ ಅಲ್ಲ. ಅದೇ ಮುರಿತಕ್ಕೆ ಎಸ್ ಕೋಡ್ ಇರುವಾಗ ತೀವ್ರ ಹಂತದ ಕೋಡ್ ಅನ್ನು ಜೊತೆಗಿಡುವಂತೆಯೂ ಇಲ್ಲ. ಬಿದ್ದ ಕಾರಣ ದಾಖಲಾಗಿದ್ದರೆ ಅದರ ಕೋಡ್‌ಗೂ ಎಸ್ ಬರುತ್ತದೆ. ನಮ್ಮಲ್ಲಿ ಅಜ್ಜಿಯಂದಿರು ಆಷಾಢದ ಮಳೆಗೆ ಪಾಚಿ ಕಟ್ಟಿದ ಅಂಗಳದಲ್ಲಿ ಜಾರುತ್ತಾರೆ. ನಾವು ಓದುವ ಚಾರ್ಟ್‌ಗಳಲ್ಲಿ ಜಾರುವುದು ಹಿಮದ ಮೇಲೆ, ಅದಕ್ಕೆ ಡಬ್ಲ್ಯು00.0ಎಕ್ಸ್ಎಕ್ಸ್ಎಸ್.

ಈಗಿನ ತೊಂದರೆ ಮೊದಲು, ಹಳೆಯ ಗಾಯ ನಂತರ ಎಂಬ ಈ ಕ್ರಮ ನನಗೆ ಬಹಳ ಸರಿ ಎನಿಸುತ್ತದೆ. ರೋಗಿ ಇಂದು ವೈದ್ಯರಲ್ಲಿಗೆ ಬಂದಿರುವುದು ಇಂದಿನ ಕಷ್ಟಕ್ಕಾಗಿ. ಎಸ್72.002ಎಸ್ ಒಂದನ್ನೇ ಬರೆದು ಕಳುಹಿಸಿದರೆ ಆಕೆಗೆ ಹಿಂದೆ ಮೂಳೆ ಮುರಿದಿತ್ತು ಎಂಬುದು ಗೊತ್ತಾಗುತ್ತದೆ. ಈಗ ನಡೆಯಲಾಗುತ್ತಿಲ್ಲವೇ, ಕೀಲು ಬಿಗಿಯಾಗಿದೆಯೇ, ಕಾಲು ಗಿಡ್ಡವಾಗಿದೆಯೇ ಎಂಬುದೊಂದೂ ಗೊತ್ತಾಗುವುದಿಲ್ಲ. ಕೀಲಿನ ಬಿಗಿತಕ್ಕೆ ಎಂ25.65, ಗಾಯದ ನಂತರದ ಸಂಧಿವಾತಕ್ಕೆ ಎಂ16.5, ಕಾಲಿನ ಉದ್ದದ ವ್ಯತ್ಯಾಸಕ್ಕೆ ಎಂ21.75 ಸರಣಿಗಳಿದ್ದು, ಎಲ್ಲದರಲ್ಲೂ ಎಡ ಬಲ ಹೇಳಲೇಬೇಕು. ಉದ್ದದ ವ್ಯತ್ಯಾಸದಲ್ಲಿ ಗಿಡ್ಡವಾದ ಕಾಲಿನ ಬದಿಯನ್ನೇ ಆರಿಸಬೇಕೆಂಬ ಸೂಚನೆ ಕೋಡ್‌ಗಳ ಕ್ರಮವಾರು ಪಟ್ಟಿಯಾದ ಟ್ಯಾಬ್ಯುಲರ್ ಲಿಸ್ಟ್‌ನಲ್ಲೇ ಇದೆ.

ಮುರಿತದ ಜಾಗಕ್ಕೆ ಕೃತಕ ಕೀಲು ಕೂರಿಸಿದ್ದರೆ ಲೆಕ್ಕ ಬೇರೆ. ಎಡಗಡೆಯ ಕೃತಕ ಕೀಲು ಇರುವುದನ್ನು ಝಡ್96.642 ತಿಳಿಸುತ್ತದೆ, ಆ ಕೀಲು ಜಾರಿದರೆ ಅದು ಕೃತಕ ಕೀಲಿನ ತೊಡಕು, ಟಿ84ರ ವ್ಯಾಪ್ತಿಗೆ ಬರುವಂಥದ್ದು.

ಎಲ್ಲಕ್ಕಿಂತ ಹೆಚ್ಚು ಎಚ್ಚರ ಬೇಕಾದದ್ದು ಆಸ್ಟಿಯೋಪೊರೋಸಿಸ್ (ಮೂಳೆ ಟೊಳ್ಳಾಗುವ ರೋಗ) ಇರುವ ವೃದ್ಧರ ಚಾರ್ಟ್‌ಗಳಲ್ಲಿ. ಆರೋಗ್ಯವಂತ ಮೂಳೆ ಮುರಿಯದಂಥ ಸಣ್ಣ ಬೀಳುವಿಕೆಯಿಂದ ಅವರ ಮೂಳೆ ಮುರಿದಿದ್ದರೆ ಗಾಯದ ಮುರಿತದ ಎಸ್72ರ ಬದಲು ಆಸ್ಟಿಯೋಪೊರೋಸಿಸ್ ಮುರಿತದ ಎಂ80 ಬಳಸಬೇಕೆಂದು ಮಾರ್ಗಸೂಚಿ ಹೇಳುತ್ತದೆ; ಪರಿಣಾಮ ಉಳಿದಿದ್ದರೆ ಏಳನೆಯ ಎಸ್ ಅಲ್ಲಿಯೂ ಇದೆ. ಮುರಿತ ಪೂರ್ತಿ ಗುಣವಾಗಿ ಏನೂ ಉಳಿಯದಿದ್ದರೆ ಈಗ ಮುರಿತವಿಲ್ಲದ ಆಸ್ಟಿಯೋಪೊರೋಸಿಸ್‌ಗೆ ಎಂ81.0 ಮತ್ತು ಅದರ ಜೊತೆಗೆ ಹಳೆಯ ಮುರಿತದ ಇತಿಹಾಸಕ್ಕೆ ಝಡ್87.310. ಹಳೆಯ ಆಪರೇಷನ್ ನೋಟ್ ಸಿಗದೆ, ‘ಬಿದ್ದು ಸೊಂಟ ಮುರಿದಿತ್ತು’ ಎಂಬ ಒಂದೇ ಸಾಲು ಕೈಯಲ್ಲಿರುವಾಗ ಇವುಗಳಲ್ಲಿ ಒಂದನ್ನು ಊಹಿಸಿ ಆರಿಸುವುದು ತಪ್ಪು.

ಅಂಥಲ್ಲಿ ವೈದ್ಯರಿಗೆ ಕ್ವೆರಿ (ವಿವರಣೆ ಕೇಳುವ ಪ್ರಶ್ನೆ) ಕಳುಹಿಸಬೇಕು, ಅದೂ ಉತ್ತರವನ್ನು ಬಾಯಿಗೆ ತುರುಕದಂತೆ. ‘ಈ ನೋವು ಹಳೆಯ ಮುರಿತದ್ದೇ ಎಂದು ಬರೆಯಿರಿ’ ಎಂಬ ಧಾಟಿ ಸಲ್ಲದು. ಚಾರ್ಟ್‌ನಲ್ಲಿರುವ ತಪಾಸಣೆಯ ಅಂಶಗಳನ್ನು ಇದ್ದಂತೆಯೇ ಎತ್ತಿ ಬರೆದು, ಈಗಿನ ಸೊಂಟದ ನೋವಿಗೆ ಕಾರಣ ಹಿಂದಿನ ಮುರಿತವೇ, ಸಂಬಂಧವಿಲ್ಲದ ಸಂಧಿವಾತವೇ, ಬೇರೆ ಏನಾದರೂ ಇದೆಯೇ, ಅಥವಾ ನಿರ್ಧರಿಸಲಾಗುವುದಿಲ್ಲವೇ ಎಂದು ಕೇಳಿದರೆ ಸಾಕು. ಉತ್ತರ ಬರುವ ತನಕ ಚಾರ್ಟ್ ಹೋಲ್ಡ್‌ನಲ್ಲಿರಲಿ. ಅಂದಿನ ಪ್ರೊಡಕ್ಷನ್ ಲೆಕ್ಕದಲ್ಲಿ ಒಂದು ಕಡಿಮೆಯಾದರೂ ಪರವಾಗಿಲ್ಲ.