ಮೊದಲು ವರದಿಯ ಪ್ರತಿ ಕೊಡಿ

ತಮ್ಮನಿಗೆ ಪರಿಶಿಷ್ಟ ಪಂಗಡದ ಕೋಟಾದಲ್ಲಿ ಸರ್ಕಾರಿ ಕೆಲಸ ಸಿಕ್ಕಿತು. ಜಾತಿ ಪ್ರಮಾಣಪತ್ರ ನಿಜ ಅಂತ ಖಚಿತಪಡಿಸುವ ಸಿಂಧುತ್ವ ಪ್ರಮಾಣಪತ್ರಕ್ಕೆ ಫೈಲು ಜಿಲ್ಲಾ ಜಾತಿ ಪರಿಶೀಲನಾ ಸಮಿತಿಗೆ ಹೋಯಿತು. ಹೋಗಲೇಬೇಕು. ಸುಳ್ಳು ಪ್ರಮಾಣಪತ್ರ ತಂದು ಸೀಟು ಹೊಡೆಯುವವರಿಂದ ಪೆಟ್ಟು ಬೀಳುವುದು ನಮ್ಮಂಥವರಿಗೇ.

ಆದರೆ ಬಂದ ನೋಟಿಸಿನಲ್ಲಿದ್ದದ್ದು ಒಂದೇ ಸಾಲು: ಮೂಲ ದಾಖಲೆಗಳೊಂದಿಗೆ ಹಾಜರಾಗಿ. ಸ್ಥಳ ತನಿಖೆಯ ವರದಿಯಲ್ಲಿ ತಕರಾರಿದೆ ಅಂತ ಗೊತ್ತಾಗಿದ್ದು ವಿಚಾರಣೆಯಲ್ಲಿ ಕೂತ ಮೇಲೆ. ಏನು ತಕರಾರು ಅಂತ ಯಾರೂ ಹೇಳಲಿಲ್ಲ. ಗೊತ್ತಿಲ್ಲದ ಆರೋಪಕ್ಕೆ ಏನಂತ ಉತ್ತರ ಕೊಡೋದು, ಅಲ್ವಾ?

1994ರಲ್ಲೇ ಮಾಧುರಿ ಪಾಟೀಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ. ವರದಿ ವಿರುದ್ಧವಾಗಿದ್ದರೆ ಅದರ ಪ್ರತಿಯ ಜೊತೆಗೇ ಶೋಕಾಸ್ ನೋಟಿಸ್ ಕೊಡಬೇಕು. ಉತ್ತರಿಸಲು ಸಮಯ, ಸಾಕ್ಷ್ಯ ತರಲು ಅವಕಾಶ ಇರಬೇಕು.

ನಿಮ್ಮ ಮದುವೆ ಶಾಸ್ತ್ರ ಏನು, ಕುಲದೇವರು ಯಾವುದು ಅಂತ ತಮ್ಮನನ್ನು ಕೇಳಿದರು. ಹಾಸ್ಟೆಲಿನಲ್ಲಿ ಬೆಳೆದ ಹುಡುಗ, ತಡವರಿಸಿದ. ನಮ್ಮ ಹತ್ತಿರ ಅಜ್ಜನ 1938ರ ಶಾಲಾ ದಾಖಲಾತಿಯ ನಕಲಿತ್ತು, ಜಾತಿ ಕಾಲಂ ಸ್ಪಷ್ಟವಾಗಿತ್ತು. ಸ್ವಾತಂತ್ರ್ಯಪೂರ್ವದ ದಾಖಲೆಗೆ ತೂಕ ಜಾಸ್ತಿ, ಆಚಾರ-ವಿಚಾರದ ಪ್ರಶ್ನೆಗಳೇ ಕೊನೆಯ ಮಾತಲ್ಲ ಅಂತ ಆನಂದ್ ಪ್ರಕರಣದ 2011ರ ಸುಪ್ರೀಂ ಕೋರ್ಟ್ ತೀರ್ಪು ಹೇಳುತ್ತದೆ. ಆ ನಕಲನ್ನು ಸುಮ್ನೆ ತಿರುವಿ ಪಕ್ಕಕ್ಕಿಟ್ಟರು!

ವರದಿಯ ಪ್ರತಿ ಬೇಕು ಅಂತ ಅರ್ಜಿ ಬರೆದುಕೊಟ್ಟು, ಸೀಲು ಹಾಕಿಸಿಕೊಂಡು ಬಂದೆವು. ಪ್ರತಿ ಬಂತು. ‘ಅಕ್ಕಪಕ್ಕದವರ ಪ್ರಕಾರ ಇವರು ಬೇರೆ ಜಾತಿ’ ಎಂದಿದೆ. ಯಾವ ಅಕ್ಕಪಕ್ಕದವರು? ಹೆಸರಿಲ್ಲ, ಸಹಿಯಿಲ್ಲ. ಮುಂದಿನ ವಿಚಾರಣೆಯಲ್ಲಿ ನಾವು ಕೇಳುವ ಮೊದಲ ಪ್ರಶ್ನೆ ಅದೇ.